ಹನ್ನೆರಡನೆಯ ಹುಣಸೆ ಬೀಜ

ಪೂಜಾರಿ ಬಾವಿಯ ಕಬ್ಬಿಣದ ಬಾಗಿಲಿಗೆ ಕೀಲಿ ಜಡಿದ. ಗಸ್ತಿನ ಕಾಕಾ ತಮ್ಮ ಅಂಗಿಯ ಎಡಗಿಸೆಯನ್ನು ಮೇಲಿನಿಂದಲೇ ಒಮ್ಮೆ ಸವರಿ, ಲಾಟೀನನ್ನು ಎರಡು ಸಲ ಎತ್ತಿ ಇಳಿಸಿದರು. ಎಲ್ಲರೂ ಹೊರಗೆ ಬಂದಿದ್ದಾರೆ, ಮುಂದೆ ನಡೆ ಎಂದು ಅದರ ಅರ್ಥ. ನಾನು ನಡೆದೆ. ಅಲ್ಲಿಂದ ಮುಂದೆ ಆದದ್ದೆಲ್ಲ ಆ ಎರಡು ಸಲ ಎತ್ತಿದ ಲಾಟೀನಿನ ಮೇಲೆಯೇ ನಿಂತಿದೆ. ಹಾಗಾಗಿ ನಮ್ಮ ಕೆಲಸದ ರೀತಿಯನ್ನು ಮೊದಲು ಹೇಳಿಬಿಡುತ್ತೇನೆ.

ಜಮಖಂಡಿಯ ಹಳೆಯ ಊರಿನಲ್ಲಿ ಅಮಾವಾಸ್ಯೆಗೊಮ್ಮೆ ನಾನು ಹನ್ನೆರಡು ಮಂದಿಯನ್ನು ದೆವ್ವದ ಕಥೆ ಹೇಳುತ್ತ ನಡೆಸಿಕೊಂಡು ಹೋಗುತ್ತಿದ್ದೆ. ರಾತ್ರಿ ಒಂಬತ್ತೂವರೆಗೆ ಅಗಸಿ ಬಾಗಿಲಲ್ಲಿ ಕೂಡುವುದು. ಬಿದ್ದ ವಾಡೆಯ ಹಿಂದಿನ ಗೋಡೆ, ಬೇವಿನ ಕಟ್ಟೆ, ಒಂದು ಇಕ್ಕಟ್ಟಿನ ಓಣಿ, ಓಣಿಯ ತುದಿಗೆ ಮೆಟ್ಟಿಲುಬಾವಿ. ಅಲ್ಲಿಂದ ಸುತ್ತು ಹಾಕಿ ಹನುಮಪ್ಪನ ಗುಡಿಯ ಕಟ್ಟೆಗೆ ಬಂದರೆ ಚುರುಮುರಿ, ಮಿರ್ಚಿ, ಬಿಸಿ ಚಹಾ. ಬರುವವರು ಬಹಳಮಟ್ಟಿಗೆ ನಮ್ಮ ಸುತ್ತಿನವರೇ. ಮುಧೋಳದಿಂದ ಕಾರು ಮಾಡಿಕೊಂಡು ಬರುವ ಗೆಳೆಯರ ಗುಂಪು, ಬೀಳಗಿಯ ಮಾಸ್ತರರು, ಅಮಾವಾಸ್ಯೆಗೆ ಮಗ್ಗ ನಿಲ್ಲಿಸುವ ರಬಕವಿ-ಬನಹಟ್ಟಿಯ ನೇಕಾರರು. ಹೆದರುವುದಕ್ಕೆಂದೇ ಇಷ್ಟು ದೂರ ಬಂದವರನ್ನು ಹೆದರಿಸುವುದು ಬಹಳ ಸುಲಭ. ಹೆದರಿದವರನ್ನು ಒಬ್ಬರೂ ಎಡವದಂತೆ ಕತ್ತಲೆಯಿಂದ ಹೊರಗೆ ತರುವುದೇ ಕಷ್ಟದ ಕೆಲಸ.

ಅದಕ್ಕೆ ನಿಯಮಗಳಿದ್ದವು. ಸಾಲಾಗಿ ನಡೆಯಬೇಕು. ಮೊಬೈಲು ಆರಿಸಿಡಬೇಕು. ಮಾತಾಡಬಾರದು. ಯಾರೂ ಯಾರನ್ನೂ ಹೆಸರು ಹಿಡಿದು ಕರೆಯಬಾರದು. ಅಮಾವಾಸ್ಯೆಯ ಕತ್ತಲಲ್ಲಿ ಹೆಸರು ಕೂಗಿದರೆ ಕೇಳಿಸಿಕೊಳ್ಳಬಾರದವರು ಕೇಳಿಸಿಕೊಳ್ಳುತ್ತಾರೆ ಎಂದು ನನ್ನ ಅಜ್ಜಿ ಹೇಳುತ್ತಿದ್ದಳು. ನಾನು ಅದನ್ನು ಅರ್ಧ ನಂಬಿ, ಅರ್ಧ ಆಟಕ್ಕೆಂದು ನಿಯಮ ಮಾಡಿದ್ದೆ. ಇನ್ನೊಂದು ಮಾತೂ ಅಜ್ಜಿಯದೇ. ಜೀವಂತ ಮಂದಿಯನ್ನು ಒಂದು, ಎರಡು ಎಂದು ಎಣಿಸಬಾರದು. ಮದುವೆಯ ಪಂಕ್ತಿಯಲ್ಲಿ ಅವಳು ಎಲೆಗಳನ್ನು ಎಣಿಸುತ್ತಿದ್ದಳೇ ಹೊರತು ಕೂತವರನ್ನಲ್ಲ. ಹಾಗಾಗಿ ನಮ್ಮಲ್ಲಿ ಎಣಿಕೆ ಹುಣಸೆ ಬೀಜದ್ದು. ಸಾಲಿನ ಕೊನೆಗೆ ಲಾಟೀನು ಹಿಡಿದು ನಡೆಯುತ್ತಿದ್ದ ಕಾಕಾ, ಮೂವತ್ತು ವರ್ಷ ಊರಿನ ಅಂಗಡಿ ಸಾಲನ್ನು ಗಸ್ತು ತಿರುಗಿದವರು. ಅವರ ಬಲಗಿಸೆಯಲ್ಲಿ ಹನ್ನೆರಡು ಬೀಜ. ಬಾವಿಯ ಬಾಗಿಲಿನಂಥ ಇಕ್ಕಟ್ಟಿನ ಜಾಗ ಬಂದಾಗ ಲಾಟೀನನ್ನು ಮೊಣಕಾಲ ಮಟ್ಟಕ್ಕೆ ಇಳಿಸಿ ನಿಲ್ಲುತ್ತಿದ್ದರು. ಮುಖಕ್ಕೆ ಬೆಳಕು ಬಿದ್ದರೆ ಮಂದಿಯ ಹೆದರಿಕೆ ಹಾರಿಹೋಗುತ್ತದೆಂದು ನಾನೇ ಹೇಳಿಕೊಟ್ಟದ್ದು. ಒಂದು ಜೊತೆ ಕಾಲು ದಾಟಿದರೆ ಒಂದು ಬೀಜ ಬಲಗಿಸೆಯಿಂದ ಎಡಗಿಸೆಗೆ. ಬಲಗಿಸೆ ಬರಿದಾದರೆ ಲಾಟೀನು ಎರಡು ಸಲ ಮೇಲೆ.

ಇನ್ನು ಬಾವಿಯ ಕಥೆ. ಮುಸ್ಸಂಜೆ ನೀರಿಗೆ ಹೋಗಿ ಮೇಲೆ ಬಾರದ ಒಬ್ಬ ಹೆಣ್ಣುಮಗಳದು. ಅಜ್ಜಿ ಹೇಳಿದ ಕಥೆಯಲ್ಲಿ ಆ ಹೆಣ್ಣು ಮಾತಾಡುತ್ತಿರಲಿಲ್ಲ, ಅವಳ ಕೊಡ ಮಾತ್ರ ನೀರಿನ ಮೇಲೆ ತೇಲುತ್ತಿತ್ತು. ಮಾತು ಕೊಟ್ಟವನು ನಾನು. ನಾನು ಕಥೆ ಮುಗಿಸಿ, ಕಾಕಾ ಲಾಟೀನು ಮರೆಮಾಡಿದ ಕೂಡಲೇ ಬಾವಿಯ ಒಳಗಿಂದ ದನಿ ಏಳುತ್ತಿತ್ತು: "ಯಾರರ ಅದೀರೇನ್ರೇ... ನನ್ನ ಮ್ಯಾಲ ಎತ್ರೇ..." ಎರಡನೆಯ ಹಂತದ ಕಮಾನಿನ ಗೂಡಿನಲ್ಲಿ ಕರಿ ಶಾಲು ಹೊದ್ದು ಕೂತು ಅಳುತ್ತಿದ್ದವಳು ಮುಧೋಳದ ಕಡೆಯ ಸಣ್ಣಾಟದ ಕಲಾವಿದೆ. ಅರವತ್ತರ ಆಸುಪಾಸಿನ ಅವಳನ್ನು ನಾವೆಲ್ಲ ಆಟದಕ್ಕ ಎನ್ನುತ್ತಿದ್ದೆವು. ಅವಳ ಕಂಠ ಎಂಥದೆಂದರೆ, ಮೊದಲ ಅಮಾವಾಸ್ಯೆಗೆ ಓಣಿಯವರು ಬಡಿಗೆ ಹಿಡಿದು ಓಡಿ ಬಂದರು. ನಾನು ಮನೆಮನೆಗೆ ಹೋಗಿ ಕೈಮುಗಿದು ಹೇಳಿದೆ: "ಬಾವ್ಯಾಗ ಯಾರರ ಅತ್ರ ಏಳಬ್ಯಾಡ್ರಿ, ಅದು ನಮ್ಮ ಆಟ." ಎರಡನೆಯ ಅಮಾವಾಸ್ಯೆಗೆ ನಾಲ್ಕೈದು ಮಂದಿ ಎದ್ದರು. ಆಮೇಲೆ ಯಾರೂ ಏಳಲಿಲ್ಲ. ಅದನ್ನು ನಾನು ಗೆಲುವೆಂದೇ ತಿಳಿದಿದ್ದೆ.

ಆ ಚಳಿಗಾಲದ ಅಮಾವಾಸ್ಯೆಗೆ ಬನಹಟ್ಟಿಯಿಂದ ಒಂದು ನೇಕಾರ ಮನೆತನದವರು ಟೆಂಪೋದಲ್ಲಿ ಬಂದರು. ಸರಿಯಾಗಿ ಹನ್ನೆರಡು ಜನ. ಎಲ್ಲರಿಗಿಂತ ಹಿರಿಯಳು ಮನೆಯ ಅವ್ವ, ಎಪ್ಪತ್ತು ಮುಟ್ಟುತ್ತಿದ್ದವಳು. ನಾನು ಅಗಸಿಯಲ್ಲಿ ನಿಯಮ ಹೇಳುವಾಗ ಆಕೆ ನನ್ನ ಬಾಯನ್ನೇ ದಿಟ್ಟಿಸುತ್ತಿದ್ದಳು. ಶ್ರದ್ಧೆಯಿಂದ ಕೇಳುತ್ತಿದ್ದಾಳೆ ಅಂದುಕೊಂಡೆ. ನಲವತ್ತು ವರ್ಷ ಪವರ್‌ಲೂಮುಗಳ ನಡುವೆ ಕೂತು ನೂಲು ಸುತ್ತಿದ ಆಕೆಯ ಎರಡೂ ಕಿವಿ ಹೋಗಿದ್ದವು ಎಂಬುದನ್ನು ಯಾರೂ ನನಗೆ ಹೇಳಲಿಲ್ಲ. ನಾನೂ ಕೇಳಲಿಲ್ಲ. ಮೊಣಕಾಲು ನೋವಿದೆಯೇ, ಬಿಪಿ ಇದೆಯೇ, ಹೃದಯದ ತೊಂದರೆ ಇದೆಯೇ ಎಂದು ಮೂರು ಪ್ರಶ್ನೆ ಕೇಳುವ ಪದ್ಧತಿಯಿತ್ತು. ಕಿವಿಯ ಪ್ರಶ್ನೆ ನನ್ನ ಪಟ್ಟಿಯಲ್ಲಿರಲಿಲ್ಲ.

ಬಾವಿಯಲ್ಲಿ ಎಲ್ಲ ಅಂದುಕೊಂಡ ಹಾಗೆಯೇ ಆಯಿತು. ಮೇಲಿನ ಹಾಸುಗಲ್ಲಿನ ಮೇಲೆ ನಿಂತಿದ್ದ ಮಂದಿ, ದನಿ ಎದ್ದ ಕೂಡಲೇ ಒಬ್ಬರನ್ನೊಬ್ಬರು ಗಟ್ಟಿಯಾಗಿ ಹಿಡಿದುಕೊಂಡರು. ಆದರೆ ಪೂಜಾರಿಗೆ ಆ ರಾತ್ರಿ ಅವಸರ. ಬಾವಿಯ ದಂಡೆಯ ದೇವಿಗೆ ದೀಪ ಹಚ್ಚುವವನೂ ಕೀಲಿ ಇಟ್ಟುಕೊಂಡವನೂ ಅವನೇ. ಚಿಕ್ಕಪಡಸಲಗಿಯ ಹತ್ತಿರ ಅವನ ಹೊಲ. ರಾತ್ರಿ ಪಾಳಿಯ ತ್ರೀ ಫೇಸ್ ಕರೆಂಟು ಹನ್ನೊಂದಕ್ಕೆ ಬರುತ್ತದೆ, ಅಷ್ಟರೊಳಗೆ ಹೋಗಿ ಕಬ್ಬಿಗೆ ಮೋಟರು ಹಚ್ಚಬೇಕು.

"ಲಗೂ ಹೊರಗ ನಡೀರಿ, ನನ್ನ ಕರೆಂಟ ಹೋಗತೈತಿ," ಎಂದು ಅವನು ಪಿಸುಗುಟ್ಟುತ್ತಲೇ ಇದ್ದ. ಮಂದಿ ಸಾಲಾಗಿ ಹೊರಬಿದ್ದರು. ಕಾಕಾ ಬೀಜ ದಾಟಿಸಿದರು. ಕೀಲಿ ಬಿತ್ತು. ಲಾಟೀನು ಎರಡು ಸಲ ಎದ್ದಿತು.

ಹನುಮಪ್ಪನ ಕಟ್ಟೆ ಮುಟ್ಟಿದಾಗ ಹನ್ನೊಂದೂಕಾಲು. ಹನ್ನೆರಡು ಪ್ಲೇಟು ಮಿರ್ಚಿ ಹಂಚಿದೆ, ಒಂದು ಉಳಿಯಿತು. ಮೊದಲು ನನಗೆ ಏನೂ ಅನ್ನಿಸಲಿಲ್ಲ. ಅವ್ವನ ಸೊಸೆ ಸುತ್ತ ನೋಡಿ ನಾದಿನಿಯನ್ನು ಕೇಳಿದಳು, "ಅತ್ತಿ ನಿನ್ನ ಜೋಡಿ ಇದ್ರಲ್ಲ?"

"ನನ್ನ ಜೋಡಿ ಎಲ್ಲಿ? ಮುಂದ ನಿನ್ನ ಕೈ ಹಿಡಕೊಂಡಾಳ ಅಂತ ನಾ ಹಿಂದಿದ್ದೆ!"

ಪ್ಲೇಟುಗಳು ಕಟ್ಟೆಯ ಮೇಲೆ ಉಳಿದವು. ಆಕೆಯ ಮಗ, ನಲವತ್ತೈದರ ಗಟ್ಟಿ ಆಳು, ಬಂದ ದಾರಿಗೆ ಮುಖ ಮಾಡಿ "ಯವ್ವಾ!" ಎಂದು ಕೂಗಿದ. ಆಗ ಸೊಸೆ ತನ್ನ ಬಾಯಿಗೆ ಸೆರಗು ಒತ್ತಿಕೊಂಡು ನನಗೆ ಹೇಳಿದಳು:

"ಎಷ್ಟ ಒದರಿದ್ರೂ ಆಕಿಗೆ ಕೇಳಂಗಿಲ್ರೀ. ಅತ್ತಿಗೆ ಕಿವಿ ಇಲ್ಲ."

ಇಂಥ ಹೊತ್ತಿಗೆ ಏನು ಮಾಡಬೇಕೆಂದು ನಾನು ಬರೆದಿಟ್ಟುಕೊಂಡಿದ್ದೆ. ಕೊನೆಯ ಎಣಿಕೆ ಸರಿಯಾಗಿದ್ದ ಜಾಗದಿಂದ ಹುಡುಕಲು ಶುರುಮಾಡಬೇಕು, ಅದರ ಹಿಂದಿನದನ್ನು ಬಿಡಬೇಕು. ಕಾಕಾನನ್ನು ಕೇಳಿದೆ. ಅವರು ಎಡಗಿಸೆಯಿಂದ ಬೀಜ ತೆಗೆದು ಅಂಗೈಯಲ್ಲಿ ಹರವಿ ತೋರಿಸಿದರು. ಹನ್ನೆರಡು. "ಬಾವಿ ಬಾಗಲಾ ದಾಟಿ ಹನ್ನೆರಡು ಮಂದಿ ಹೊರಗ ಬಂದಾರ. ನನ್ನ ಬೀಜ ಸುಳ್ಳ ಹೇಳಂಗಿಲ್ಲ." ಅಂದರೆ ಆಕೆ ತಪ್ಪಿಸಿಕೊಂಡದ್ದು ಬಾವಿಯಿಂದ ಈಚೆಗೆ. ಲೆಕ್ಕ ಅಷ್ಟು ಸ್ವಚ್ಛವಾಗಿತ್ತು. ಆ ಸ್ವಚ್ಛ ಲೆಕ್ಕವನ್ನು ಹಿಡಿದುಕೊಂಡು ನಾವು ಒಂದು ತಾಸಿಗೂ ಹೆಚ್ಚು ಹೊತ್ತು ಊರೆಲ್ಲ ಅಲೆದೆವು.

ಬಾವಿಯಿಂದ ಗುಡಿಯವರೆಗಿನ ದಾರಿಯನ್ನು ಮೂರು ತುಂಡು ಮಾಡಿ ಹಂಚಿಕೊಂಡೆವು. ಪ್ರತಿ ಸಂದಿ, ಪ್ರತಿ ಕಟ್ಟೆ, ಬಿದ್ದ ಮನೆಗಳ ಒಳಗೋಡೆಗಳ ಹಿಂದೆ. ಒಂದು ಹಾಳು ಮನೆಯ ನೆಲಮಾಳಿಗೆಗೆ ನಾನೇ ಇಳಿದು ಬಾವಲಿಯ ಹಿಕ್ಕೆಯಲ್ಲಿ ಕೈಯೂರಿ ಬಂದೆ. ದಾರಿ ತಪ್ಪಿ ಟೆಂಪೋ ಹತ್ತಿರ ಹೋಗಿರಬಹುದೆಂದು ಇಬ್ಬರನ್ನು ಅಗಸಿಗೆ ಕಳಿಸಿದೆ, ಅಲ್ಲಿ ಡ್ರೈವರ್ ಒಬ್ಬನೇ ಮಲಗಿದ್ದ. ಬಸ್‌ಸ್ಟ್ಯಾಂಡಿಗೆ ಫೋನು ಮಾಡಿಸಿದೆ. ಕಿವಿ ಇಲ್ಲದವಳನ್ನು ಕೂಗಿ ಪ್ರಯೋಜನವಿಲ್ಲ ಎಂದು ಗೊತ್ತಿದ್ದರೂ ಎಲ್ಲರೂ ಕೂಗುತ್ತಿದ್ದೆವು. ಹೆಸರು ಹಿಡಿದು ಕರೆಯಬಾರದೆಂದು ಎರಡು ತಾಸಿನ ಹಿಂದೆ ನನ್ನಿಂದ ಹೇಳಿಸಿಕೊಂಡ ಮಕ್ಕಳು ಮೊಮ್ಮಕ್ಕಳು, ಆಕೆಯ ಹೆಸರನ್ನು ಹಳೆಯ ಊರಿನ ಗೋಡೆಗೋಡೆಗೂ ಬಡಿಯುವ ಹಾಗೆ ಕೂಗಿದರು. ಬಾವಿಯ ಮುಂದೆಯೇ ಎರಡು ಸಲ ಓಡಾಡಿದೆವು. ಬಾಗಿಲಿಗೆ ಕೀಲಿ ಇತ್ತು, ಒಳಗೆ ಸದ್ದಿರಲಿಲ್ಲ. ನಾನು ಆ ಕೀಲಿಯನ್ನು ಕೈಯಿಂದ ಜಗ್ಗಿಯೂ ನೋಡಿದೆ. ಗಟ್ಟಿಯಾಗಿದೆ ಎಂದು ಸಮಾಧಾನಪಟ್ಟುಕೊಂಡೆ. 

ಹನ್ನೆರಡೂವರೆ ಆಯಿತು. ಚಳಿ ಏರಿತು. ಮಗ ನನ್ನ ಎದೆಯ ಮೇಲಿನ ಅಂಗಿಯನ್ನು ಹಿಡಿದುಕೊಂಡು, "ನಮ್ಮವ್ವನ್ನ ತಂದು ಕೊಡು. ನಿನ್ನ ದೆವ್ವಾ ಗಿವ್ವಾ ನಾವೇನ ಬೇಡಿದ್ವೇನು? ಕಥಿ ಹೇಳತೇನಿ ಅಂತ ಕರಕೊಂಡು ಬಂದು ಎಲ್ಲಿ ಒಗದಿ ಆಕಿನ್ನ?" ಅಂದ. ಸೊಸೆ ಬಿಡಿಸಲಿಲ್ಲ. ಯಾರೂ ಬಿಡಿಸಲಿಲ್ಲ. ಬಿಡಿಸಿಕೊಳ್ಳುವ ಮನಸ್ಸು ನನಗೂ ಇರಲಿಲ್ಲ.

ಆ ಗದ್ದಲಕ್ಕೆ ಓಣಿಯ ಮಧ್ಯದ ಮನೆಯ ಬಾಗಿಲು ತೆರೆಯಿತು. ಅಲ್ಲಿ ಒಬ್ಬ ಆಯಿ ಇದ್ದಾಳೆ, ಎಂಬತ್ತು ದಾಟಿದವಳು, ಬಾಯಿ ಬಹಳ ಹರಿತ. ಕಂಬಳಿ ಹೊದ್ದು ಹೊಸ್ತಿಲಲ್ಲಿ ನಿಂತು ಗದರಿದಳು.

"ಏನೋ ಇದು ನಿಮ್ದು? ಆಟ ಮುಗಿಸಿ ಮನಿಗೆ ಹೋಗಬಾರ್ದೇನು? ಅಮಾಸಿಗೆ ಒಂದ ಸಲ ಅಳತಿತ್ತು ನಿಮ್ಮ ದೆವ್ವ. ಇವತ್ತ ಎರಡೆರಡ ಸಲ. ಮಲಗಾಕ ಬಿಡವಲ್ಲಿರಿ."

ನಾನು ಅವಳ ಹತ್ತಿರ ಹೋದೆ. "ಎರಡ ಸಲ ಅಂದ್ರ ಹೆಂಗ ಆಯಿ?"

"ಹೆಂಗಂದ್ರ ಹೆಂಗೋ? ಮೊದಲ ಒಮ್ಮಿ ಅತ್ತಳು, ಯಾವಾಗ್ಲೂ ಅಳೂಹಂಗ. ಆಮ್ಯಾಲ ನೀವೆಲ್ಲಾ ಹೋದ ಮ್ಯಾಲ ಮತ್ತ ಅತ್ತಳು. ಅದೇ ಮಾತು, ಯಾರರ ಬರ್ರೇ, ಮ್ಯಾಲ ಎತ್ರೇ ಅಂತ. ಆದ್ರ ತಮ್ಮಾ, ಎರಡನೇದು ಭಾಳ ಛಲೋ ಅತ್ತಳು ನೋಡು.  ಏನ್ ಕಲಾವಿದಿ ಅದಾಳ ಅಂತ ಅನಕೊಂಡು ಮಗ್ಗಲಾ ಬದಲಿಸಿದೆ."

ನಾನು ಕೂಡಲೇ ಆಟದಕ್ಕನಿಗೆ ಫೋನು ಹಚ್ಚಿದೆ. ಅಮಾವಾಸ್ಯೆಯ ರಾತ್ರಿ ಅವಳು ಊರಿನಲ್ಲೇ ತಂಗಿಯ ಮನೆಯಲ್ಲಿ ಮಲಗುತ್ತಿದ್ದಳು. ನಿದ್ದೆಗಣ್ಣಿನ ದನಿ ಬಂತು.

"ಅಕ್ಕಾ, ಇವತ್ತ ಎಷ್ಟ ಸಲ ಅತ್ತಿ?"

"ಒಂದ ಸಲ. ಯಾಕ?"

"ಬಾವ್ಯಾಗಿಂದ ಯಾವಾಗ ಹೊರಗ ಬಂದಿ? ಯಾವಾಗ್ಲೂ ಎಲ್ಲಾರೂ ಹೋದ ಮ್ಯಾಲಲ್ಲಾ ಬರೂದು?"

"ಇವತ್ತ ಪೂಜಾರಿ ಅವಸರ ಮಾಡಿದ್ನಲ್ಲೋ. ಕೀಲಿ ಹಾಕಿ ಹೊಂಟ ಬಿಡತೇನಿ, ಬರೂದಿದ್ರ ಈಗ ಬಾ ಅಂದ. ಶಾಲ ಮುಖದ ಮ್ಯಾಲ ಎಳಕೊಂಡು ನಿಮ್ಮ ಮಂದಿ ಹಿಂದನ ಬಂದೆ. ಕಾಕಾನ ಲಾಟೀನ ಮುಂದನ ಹಾದು ಬಂದೆನಲ್ಲ. ಕಾಕಾ ನೋಡಲಿಲ್ಲೇನು?"

ಕಾಕಾ ನನ್ನ ಪಕ್ಕದಲ್ಲೇ ನಿಂತಿದ್ದರು. ಓಣಿಯ ಮೌನದಲ್ಲಿ ಆಟದಕ್ಕನ ದನಿ ಅವರಿಗೂ ಕೇಳಿಸಿತ್ತು. ಅವರು ಮತ್ತೆ ಕಿಸೆಯಿಂದ ಬೀಜಗಳನ್ನು ತೆಗೆದು ಲಾಟೀನಿನ ಬೆಳಕಿಗೆ ಹಿಡಿದರು. ಎಷ್ಟು ನೋಡಿದರೂ ಹನ್ನೆರಡೇ. ಅವುಗಳಲ್ಲೊಂದು ನಮ್ಮ ದೆವ್ವದ ಬೀಜ. ದೆವ್ವವನ್ನು ಲೆಕ್ಕಕ್ಕೆ ಹಿಡಿದು, ಜೀವಂತ ಹೆಂಗಸನ್ನು ಒಳಗೆ ಬಿಟ್ಟು ನಾವು ಕೀಲಿ ಹಾಕಿಸಿದ್ದೆವು. ಕಾಕಾ ಬೀಜಗಳನ್ನು ಕೆಳಗೆ ಹಾಕಲಿಲ್ಲ, ಕಿಸೆಗೂ ಇಡಲಿಲ್ಲ. ಮುಷ್ಟಿಯಲ್ಲಿ ಹಿಡಿದುಕೊಂಡೇ ಬಾವಿಯ ಕಡೆ ಓಡಿದರು. ಎಪ್ಪತ್ತರ ಹತ್ತಿರದ ಅವರು ಓಡಿದ್ದನ್ನು ನಾನು ನೋಡಿದ್ದು ಅದೊಂದೇ ಸಲ.

ಪೂಜಾರಿಯ ಫೋನು ಹತ್ತಲಿಲ್ಲ. ಹೊಲದಲ್ಲಿ, ಹೊಳೆಯ ಕಡೆ, ಮೋಟರಿನ ಸದ್ದಿನಲ್ಲಿ ಅವನು ಎಲ್ಲಿದ್ದನೋ. ಬಾವಿಯ ಗೋಡೆ ಎರಡಾಳು ಎತ್ತರ, ಮೇಲೆ ಗಾಜಿನ ಚೂರು. ಬಾಗಿಲಿನ ಸರಳುಗಳ ಸಂದಿಯಿಂದ ಮಗ ಟಾರ್ಚು ಬಿಟ್ಟ. ಮೊದಲ ಹಂತದ ಮೆಟ್ಟಿಲು ಕಂಡವು, ಅದರಾಚೆ ತಿರುವು, ತಿರುವಿನಾಚೆ ಕಪ್ಪು. ಅಲ್ಲಿಂದ ಯಾವ ಸದ್ದೂ ಬರುತ್ತಿರಲಿಲ್ಲ. ಆಯಿಗೆ ಕೇಳಿಸಿದ ಅಳು ನಿಂತು ಎಷ್ಟು ಹೊತ್ತಾಗಿತ್ತು?

ಅಷ್ಟರಲ್ಲಿ ಓಣಿ ಎದ್ದು ಬಂದಿತ್ತು. ಅದರಲ್ಲೊಬ್ಬ ಹಿರಿಯ ಬಾಗಿಲಿಗೆ ಅಡ್ಡ ನಿಂತ. "ದೇವಿ ದೀಪ ಆರಿದ ಮ್ಯಾಲ, ಅದೂ ಅಮಾಸಿಗೆ, ಬೆಳಗಾಗೂತನಕ ಈ ಬಾಗಲಾ ತಗಿಯಂಗಿಲ್ಲ. ನಮ್ಮಪ್ಪನ ಕಾಲದಿಂದ ತಗದಿಲ್ಲ. ಪೂಜಾರಿ ಬರ್ಲಿ. ಓಣಿಗೆ ಏನರ ಆದ್ರ ಯಾರ ಹೊಣಿ?"

ಈ ಮಾತನ್ನು ನಾನೇ ಬಾವಿಯ ಕಥೆಯಲ್ಲಿ ಎಷ್ಟೋ ಸಲ ಮಂದಿಗೆ ಹೇಳಿ ಮೈ ಜುಮ್ಮೆನ್ನಿಸಿದ್ದೆ. ಬೇಡವೆನ್ನುವವನ ಮುಖದಲ್ಲಿ ಕೆಟ್ಟತನ ಇರಲಿಲ್ಲ, ಖರೇ ಹೆದರಿಕೆಯಿತ್ತು. ನನ್ನ ಅಜ್ಜಿ ಇದ್ದಿದ್ದರೆ ಅವಳೂ ಅದೇ ಮಾತು ಹೇಳುತ್ತಿದ್ದಳೇನೋ. ಪೂಜಾರಿಗೆ ಆಳು ಕಳಿಸಿದರೆ ಹೋಗಿ ಬರಲು ಒಂದು ತಾಸು. ನಾನು ನಿರ್ಧಾರ ಮಾಡಿದೆ. ಅಜ್ಜಿ ಕಲಿಸಿದ್ದನ್ನು ಮೀರಿದ್ದು ನನ್ನ ನೆನಪಿನಲ್ಲಿ ಅದೇ ಮೊದಲು.

"ಏನಾದ್ರೂ ಆದ್ರ ನನಗ ಆಗ್ಲಿ ಅಂತ ದೇವಿಗೆ ಹೇಳತೇನಿ," ಅಂದೆ. "ಕೀಲಿ ಮುರೀರಿ."

ದೊಡ್ಡ ರಸ್ತೆಯಲ್ಲಿ ಮುಧೋಳದ ಫ್ಯಾಕ್ಟರಿಗಳ ಕಡೆ ಕಬ್ಬಿನ ಟ್ರ್ಯಾಕ್ಟರುಗಳು ಹಾಡು ಹಚ್ಚಿಕೊಂಡು ಹೋಗುತ್ತಿದ್ದವು. ಮಗ ಓಡಿಹೋಗಿ ಒಂದನ್ನು ನಿಲ್ಲಿಸಿ, ಡ್ರೈವರನನ್ನೂ ಅವನ ಹಾರೆಯನ್ನೂ ಕರೆದುಕೊಂಡು ಬಂದ. ಡ್ರೈವರ್ ಹಾರೆ ಹಚ್ಚುವ ಮೊದಲೇ ಕಾಕಾ ಅದನ್ನು ಕಸಿದುಕೊಂಡರು.

"ಮೂವತ್ತು ವರ್ಷ ಮಂದೀ ಕೀಲಿ ಕಾದೇನಿ. ಮುರಿಯೂದೂ ನಾನ ಮುರೀತೇನಿ," ಅಂದರು. ನಾಲ್ಕನೆಯ ಏಟಿಗೆ ಚಿಲಕದ ಕೊಂಡಿಯೇ ಕಿತ್ತು ಬಂತು.

ಎಲ್ಲರೂ ಒಮ್ಮೆಲೇ ನುಗ್ಗಿದರು. ಟಾರ್ಚುಗಳು, ಕೂಗು, "ಯವ್ವಾ", "ಅತ್ತೀ", "ಅಜ್ಜೀ". ಕಲ್ಲಿನ ಬಾವಿ ಒಂದು ಕೂಗನ್ನು ಹತ್ತು ಮಾಡಿತು. ಎರಡನೆಯ ಹಂತದ ಗೂಡು ಬರಿದಾಗಿತ್ತು, ಆಟದಕ್ಕ ಕೂತುಕೊಳ್ಳುವ ಚಾಪೆ ಮಾತ್ರ. ಅದರಿಂದ ಕೆಳಗೆ ಮೆಟ್ಟಿಲು ಪಾಚಿಗಟ್ಟಿವೆ, ಅಲ್ಲಿಗೆ ನಾವು ಯಾರನ್ನೂ ಬಿಡುತ್ತಿರಲಿಲ್ಲ. ಟಾರ್ಚಿನ ಬೆಳಕು ನೀರಿಗೆ ಬಿತ್ತು. ನೀರಿನ ಮೇಲೆ ಒಂದು ರಬ್ಬರಿನ ಚಪ್ಪಲಿ ಮಗುಚಿಕೊಂಡು ತೇಲುತ್ತಿತ್ತು.

ಅದನ್ನು ನೋಡಿ ಸೊಸೆ ಅತ್ತೆಯದೇ ಎಂದು ಚೀರಿದಳು. ಮಗ ಅಂಗಿ ಬಿಚ್ಚತೊಡಗಿದ. ಎಲ್ಲರೂ ಒದರುತ್ತಿದ್ದರು. ಆ ಗದ್ದಲದಲ್ಲಿ ಯಾಕೋ ನನಗೆ ಒಂದು ವಿಷಯ ತಟ್ಟಿತು. ಆಕೆಗೆ ನಮ್ಮದು ಕೇಳುವುದಿಲ್ಲ, ಸರಿ. ಆದರೆ ಆಕೆಯದು ನಮಗೆ ಕೇಳಬೇಕಲ್ಲ? ಇಡೀ ರಾತ್ರಿ ನಾವು ಕೂಗಿದ್ದೇವೆ, ಒಮ್ಮೆಯೂ ಸುಮ್ಮನೆ ನಿಂತು ಕಿವಿಗೊಟ್ಟಿಲ್ಲ.

"ಯಾರೂ ಮಾತಾಡಬ್ಯಾಡ್ರಿ!" ಎಂದು ಕಿರುಚಿದೆ. ಎರಡು ವರ್ಷದಿಂದ ಹೇಳಿಕೊಂಡು ಬಂದ ಆ ನಿಯಮವನ್ನು ಮೊದಲ ಬಾರಿಗೆ ಖರೇ ಅರ್ಥದಲ್ಲಿ ಹೇಳಿದೆ.

ಬಾವಿ ಶಾಂತವಾಯಿತು. ನೀರು ಗೋಡೆಗೆ ತಾಗುವ ಸದ್ದು. ಮೇಲೆ ಯಾರದೋ ಬಿಕ್ಕು. ಆಮೇಲೆ ಬಲಗಡೆಯಿಂದ, ಬಹಳ ಸಣ್ಣಗೆ, ಗಾಜಿನ ಬಳೆಗಳು ಕಲ್ಲಿಗೆ ತಾಗಿ ಕಿಣಿಕಿಣಿ ಅನ್ನುತ್ತಿದ್ದವು. ಯಾರೂ ಬೇಕೆಂದು ಆಡಿಸಿದ ಬಳೆಗಳಲ್ಲ ಅವು. ಚಳಿಗೆ ನಡುಗುವ ಕೈಯ ಬಳೆಗಳು.

ನೀರಿನ ಮಟ್ಟದ ಕಮಾನಿನೊಳಗೆ ಆಕೆ ಇದ್ದಳು. ಸೊಂಟದವರೆಗೆ ನೀರು, ಒಂದು ಕೈಯಿಂದ ಕಮಾನಿನ ಕಲ್ಲನ್ನು ತಬ್ಬಿಕೊಂಡಿದ್ದಳು. ನೀರಿನೊಳಗೆ ಎಡಗಾಲು ತಿರುಗಬಾರದ ಕಡೆಗೆ ತಿರುಗಿತ್ತು. ಕಣ್ಣು ಮುಚ್ಚಿದ್ದವು. ಟಾರ್ಚು ಮುಖಕ್ಕೆ ಬಿಟ್ಟಾಗ ತೆರೆದವು. ಬೆಳಕು ಕಂಡ ಕೂಡಲೇ, ಕಿವಿ ಇಲ್ಲದವರು ಮಾತಾಡುವ ಏರುದನಿಯಲ್ಲಿ, ಬಾವಿಯೆಲ್ಲ ತುಂಬುವ ಹಾಗೆ ಹೇಳಿದಳು:

"ಎಷ್ಟ ಒದರಿದೆನೋ! ಎಲ್ಲಾರೂ ಕೆವುಡ ಆಗೇರೇನು?"

ಮಗ ನೀರಿಗಿಳಿದು ತಾಯಿಯನ್ನು ಅಪ್ಪಿಕೊಂಡು ಅತ್ತುಬಿಟ್ಟ. ಓಣಿಯ ಆಯಿ ತಾನು ಮಲಗುವ ಹೊರಸನ್ನೇ ಕಳಿಸಿದಳು. ಅದರ ಮೇಲೆ ಕಂಬಳಿ ಹಾಸಿ, ಸೀರೆಗಳಿಂದ ಕಟ್ಟಿ, ಆರು ಮಂದಿ ಪಾಚಿ ಮೆಟ್ಟಿಲಿನ ಮೇಲೆ ಒಂದೊಂದೇ ಹೆಜ್ಜೆ ಊರಿ ಮೇಲಕ್ಕೆ ತಂದೆವು. ಬಾಗಿಲಿಗೆ ಅಡ್ಡ ನಿಂತಿದ್ದ ಹಿರಿಯನೂ ಆ ಆರು ಮಂದಿಯಲ್ಲಿ ಒಬ್ಬ. ಆಂಬುಲೆನ್ಸು ಬಂತು. ಸೊಂಟದ ಎಲುಬು ಮುರಿದಿದೆ, ಇನ್ನರ್ಧ ತಾಸು ತಡವಾಗಿದ್ದರೆ ಚಳಿಯೇ ಸಾಕಾಗಿತ್ತು ಎಂದು ದವಾಖಾನೆಯ ಡಾಕ್ಟರು ಹೇಳಿದರು. ಮೂರು ದಿನ ಆಕೆ ಉಳಿಯುವಳೋ ಇಲ್ಲವೋ ಗೊತ್ತಿರಲಿಲ್ಲ. ಆ ಮೂರು ದಿನ ನಾನೂ ಕಾಕಾನೂ ದವಾಖಾನೆಯ ಮೆಟ್ಟಿಲ ಮೇಲೆ ಕೂತೆವು.  ಕಾಕಾ ಬೀಜಗಳನ್ನು ಕೈಯಿಂದ ಕೈಗೆ ದಾಟಿಸುತ್ತಿದ್ದರು. ಹನ್ನೊಂದು ದಾಟಿಸಿ ಒಂದನ್ನು ಹಿಡಿದುಕೊಂಡೇ ಕೂರುತ್ತಿದ್ದರು.

ಆಕೆ ಉಳಿದಳು. ಒಂದೂವರೆ ತಿಂಗಳ ಮೇಲೆ ನಾನು ಆಟದಕ್ಕನನ್ನು ಕರೆದುಕೊಂಡು ಬನಹಟ್ಟಿಗೆ ಹೋದೆ. ಮಗ ಬೈಯಲೂ ಇಲ್ಲ, ಬಾ ಎನ್ನಲೂ ಇಲ್ಲ, ಚಹಾ ಮಾತ್ರ ಕೊಡಿಸಿದ. ಗೋಡೆಯಾಚೆ ಮಗ್ಗಗಳು ಖಟಖಟ ಬಡಿಯುತ್ತಿದ್ದವು. ಆಕೆ ಹಾಸಿಗೆಯಲ್ಲಿ ಒರಗಿ ಕೂತಿದ್ದಳು. ಯಾಕೆ ಹಿಂದೆ ಉಳಿದಿರಿ ಎಂದು ಸೊಸೆಯ ಕೈಸನ್ನೆಯಿಂದ ಕೇಳಿಸಿದೆ.

"ಎಲ್ಲಾರೂ ಬೆಚ್ಚಿ ಬಿದ್ರಿ. ನನಗ ಏನೂ ಕೇಳಲಿಲ್ಲ. ಏನಾತು ಅಂತ ಸೊಸಿ ಕೈ ಜಗ್ಗಿದ್ರ, ಬಾವ್ಯಾಗಿನಾಕಿ ಅಳಾಕತ್ತಾಳ ಅಂತ ನನ್ನ ಗಲ್ಲದ ಮ್ಯಾಲ ಬೆರಳ ಎಳದು ತಿಳಿಸಿದ್ಳು. ಹತ್ರ ಹೋದ್ರ ನನಗೂ ಒಂದೀಟು ಕೇಳತೈತೇನೋ ಅಂತ ಕತ್ತಲಾಗ ಗ್ವಾಡಿ ಹಿಡಕೊಂಡು ಇಳದೆ." ಆಮೇಲೆ ನಕ್ಕಳು. ಹಲ್ಲಿಲ್ಲದ, ಬಹಳ ಚೆಂದದ ನಗು. "ಆಕಿನ್ನ ಕೇಳಾಕ ಹೋಗಿ ನಾನ ಆಕಿ ಆದೆ ನೋಡು."

ಆಟದಕ್ಕ ತಾನೇ ಆಕಿ ಎಂದು ಎದೆ ಮುಟ್ಟಿ ತೋರಿಸಿದಳು. ಮುದುಕಿ ಅವಳನ್ನು ಅಡಿಯಿಂದ ಮುಡಿಯವರೆಗೆ ನೋಡಿ, ಕೈ ಚಾಚಿ ಅವಳ ಗಂಟಲಿನ ಮೇಲೆ ಬೆರಳುಗಳನ್ನಿಟ್ಟಳು. ಅಳು ಎಂದು ಸನ್ನೆ ಮಾಡಿದಳು. ಸಾವಿರಾರು ಮಂದಿಯ ಮುಂದೆ ಅತ್ತವಳು ಆಟದಕ್ಕ. ಅವತ್ತು ಅವಳಿಗೆ ದನಿ ಹೊರಡಲಿಲ್ಲ.

ನಡಿಗೆಯನ್ನು ನಾನು ನಿಲ್ಲಿಸಿದೆ. ಆದರೆ ನನಗೆ ನಿದ್ದೆ ಬಾರದಂತೆ ಮಾಡಿದ್ದು ಬೇರೆಯದೇ. ಬಾವಿಯಲ್ಲಿ ಅಳು ಕೇಳಿದರೆ ಮಗ್ಗುಲು ಬದಲಿಸಿ ಮಲಗಬೇಕೆಂದು ಒಂದು ಓಣಿಗೆ ನಾನು ಕಲಿಸಿಬಿಟ್ಟಿದ್ದೆ. ಬೀಗ ಹೊಸದು ಬಂದಿತ್ತು, ಪೂಜಾರಿ ಗಟ್ಟಿಯಾಗಿ ಹಾಕುತ್ತಿದ್ದ. ಆದರೂ ಬಾವಿ ಬಾವಿಯೇ. ಮತ್ತೆ ಮನೆಮನೆಗೆ ಹೋಗಿ ಕೈಮುಗಿದೆ. "ಇನ್ನ ಮ್ಯಾಲ ಬಾವ್ಯಾಗ ಯಾರ ಅತ್ರೂ ಖರೇನ. ಏಳ್ರಿ." ಆತು ಆತು ಎಂದು ತಲೆಯಾಡಿಸಿದರು. ತಲೆಯಾಡಿಸುವುದನ್ನು ನಾನು ಹೇಗೆ ನಂಬಲಿ? ಒಂದು ರಾತ್ರಿ ಬಂದು ಅತ್ತು ನೋಡು, ಎದ್ದು ಬರುತ್ತಾರೋ ಇಲ್ಲವೋ ಪರೀಕ್ಷೆ ಮಾಡೋಣ ಎಂದು ಆಟದಕ್ಕನನ್ನು ಕೇಳಿದೆ. 

"ನಿನಗ ಇನ್ನೂ ತಿಳಿದಿಲ್ಲೇನೋ? ಪರೀಕ್ಷಾ ಅಂತ ನಾ ಅತ್ತೆ ಅಂದ್ರ, ಮತ್ತ ಸುಳ್ಳ ಅಳು ಅಂತನ ಅವರು ಕಲೀತಾರ. ಆ ಬಾವ್ಯಾಗ ನಾ ಇನ್ನ ಅಳಂಗಿಲ್ಲ."

ಹಾಗಾಗಿ ಗೊತ್ತಾಗುವ ದಾರಿಯೇ ಇರಲಿಲ್ಲ. ಓಣಿಯಲ್ಲಿ ಹಾಯುವಾಗ ಆಯಿಯ ಮುಖ ನೋಡಲಾಗದೆ ತಲೆ ತಗ್ಗಿಸಿ ಹೋಗುತ್ತಿದ್ದೆ. ಅವಳೂ ಮೊದಲಿನಂತೆ ಗದರುತ್ತಿರಲಿಲ್ಲ. "ನಾ ಕೇಳಿದೆ, ಕೇಳಿ ಮಲಗಿದೆ," ಎಂದು ಸೊಸೆಯಂದಿರ ಮುಂದೆ ಹೇಳಿಕೊಂಡು ಅಳುತ್ತಾಳೆಂದು ಕಾಕಾ ಹೇಳಿದರು.

ಬೇಸಿಗೆ ಶುರುವಾದ ಮೇಲೆ ಒಂದು ನಡುರಾತ್ರಿ ನನ್ನ ಫೋನು ಹೊಡೆದುಕೊಂಡಿತು. ಅಂದು ನನ್ನನ್ನು ಬಾಗಿಲಲ್ಲಿ ತಡೆದಿದ್ದ ಓಣಿಯ ಹಿರಿಯ. "ಬಾವ್ಯಾಗ ಯಾರೋ ಅಳಾಕತ್ತಾರ. ಲಗೂ ಬರ್ರಿ. ಪೂಜಾರಿನ್ನ ಎಬ್ಬಿಸಾಕ ಹೋಗ್ಯಾರ, ಇಲ್ಲಂದ್ರ ಕೀಲಿ ಮುರ್ಯಾಕ ಹಾರಿ ಐತಿ."

ನಾನು ಬರಿಗಾಲಲ್ಲೇ ಓಡಿದೆ. ಓಣಿಯ ತುಂಬ ಲೈಟು. ಪ್ರತಿ ಮನೆಯ ಬಾಗಿಲೂ ತೆರೆದಿತ್ತು. ಹಗ್ಗ ಹಿಡಿದವರು, ಟಾರ್ಚು ಹಿಡಿದವರು, ಮಗ್ಗುಲಲ್ಲಿ ಹೊರಸು ಹಿಡಿದು ನಿಂತ ಇಬ್ಬರು. ಪೂಜಾರಿ ಬಂದು ಕೀಲಿ ತೆಗೆದಿದ್ದ, ಕಾಕಾ ಆಗಲೇ ಕೆಳಗೆ ಇಳಿದಿದ್ದರು. ಎಲ್ಲರೂ ಸುಮ್ಮನೆ ನಿಂತು ಕಿವಿಗೊಟ್ಟಿದ್ದರು, ಯಾರೂ ಹೇಳದೆಯೇ. ಕಾಕಾ ಎರಡನೆಯ ಹಂತದ ಗೂಡಿನಿಂದ ಮೇಲೆ ಬಂದರು. ತೋಳಿನ ಮೇಲೆ ಒದ್ದೆ ಮುದ್ದೆಯಾದ ಒಂದು ಬೆಕ್ಕು, ಅವರ ಅಂಗಿಯನ್ನು ಉಗುರಿನಿಂದ ಗಟ್ಟಿಯಾಗಿ ಹಿಡಿದು ಅಳುತ್ತಿತ್ತು.

ಯಾ‍ರೋ ನಕ್ಕರು. "ಥೂ ಇದರ! ಬೆಕ್ಕಿನ ಸಲುವಾಗಿ ಇಷ್ಟ ಮಂದಿ ನಿದ್ದಿ ಕೆಡಿಸಿಕೊಂಡು ಬಂದೇವಲ್ಲ," ಎಂದು ಇನ್ನೊಬ್ಬ ಹಗ್ಗ ಸುತ್ತತೊಡಗಿದ. ನಾನು ಬಾವಿಯ ಬಾಗಿಲಲ್ಲೇ ಕೂತುಬಿಟ್ಟೆ.

ಆಯಿ ಎಲ್ಲರಿಗಿಂತ ಮುಂದೆ, ಕೋಲೂರಿ ನಿಂತಿದ್ದಳು. ಕಾಕಾನ ತೋಳಿನಿಂದ ಬೆಕ್ಕನ್ನು ಇಸಿದುಕೊಂಡು ತನ್ನ ಕಂಬಳಿಯಲ್ಲಿ ಸುತ್ತಿದಳು. ನಕ್ಕವನ ಕಡೆ ತಿರುಗಿ, ಮೊದಲಿನ ಹರಿತದ ದನಿಯಲ್ಲಿ ಗದರಿದಳು:

"ಬೆಕ್ಕಾದ್ರ ಏನಾತಲೇ? ಅತ್ತದ್ದು ಖರೆ ಇತ್ತಿಲ್ಲೋ?"